ಕೊಸರು ಹಾಕುವ ಕೈಗೆ ಭಿನ್ನರಾಶಿ

ಒಂದು ಸಂಜೆ ಕಾಕೂ ನಮ್ಮ ಮನೆಗೆ ಬಂದರು. ಸೆರಗಿನ ಗಂಟಿನಿಂದ ನಾಲ್ಕು ಮಡಿಕೆಯ ಝೆರಾಕ್ಸ್ ಹಾಳೆಯೊಂದನ್ನು ತೆಗೆದು ನನ್ನ ಮುಂದಿಟ್ಟು, "ಅಕ್ಕೋರ, ಇದನ್ನ ಓದ್ರಿ. ಆಮ್ಯಾಲ ನನಗ ಆಗ್ತೈತೋ ಇಲ್ಲೋ ಖರೇ ಹೇಳ್ರಿ" ಅಂದರು. ನಾನು ಓದಿದೆ. ಓದಿ, "ಆಗ್ತೈತಿ ಬಿಡ್ರಿ ಕಾಕೂ, ಇದೇನ್ ಮಹಾ!" ಅಂದೆ. ಆ ಮಾತಾಡಿದ ನನ್ನ ಬಾಯಿಗೆ ಮುಂದಿನ ಆರು ವಾರ ನಾನೇ ಎಷ್ಟು ಸಲ ಬೈದುಕೊಂಡೆನೋ ದೇವರಿಗೇ ಗೊತ್ತು.

ಕಾಕೂ ಅಂದರೆ ಚಿಕ್ಕಮ್ಮ, ಆದರೆ ನನಗೆ ಸಂಬಂಧಿಯೇನಲ್ಲ. ನಾರಾಯಣಗೂಡದ ನಮ್ಮ ಓಣಿಯ ತುದಿಮನೆಯವರು, ಊರು ಸೇಡಂ ಕಡೆ. ನನ್ನ ಗಂಡ ಕೆಲಸ ಮಾಡುತ್ತಿದ್ದ ಕೇಂದ್ರ ಸರಕಾರದ ಕಾರ್ಖಾನೆಯ ಕ್ಯಾಂಟೀನಿನಲ್ಲಿ ಹನ್ನೊಂದು ವರ್ಷದಿಂದ ಅಡುಗೆಗಿದ್ದರು. ನನಗಿಂತ ಹದಿನೈದು ವರ್ಷ ದೊಡ್ಡವರು, ಆದರೂ ಕಲಿಸುವವಳು ಅಂತ ನನ್ನನ್ನು ಅಕ್ಕೋರು ಅನ್ನುತ್ತಿದ್ದರು; ನಮ್ಮ ಕಡೆ ಹೆಣ್ಣು ಮಾಸ್ತರರಿಗೆ ಹಾಗೇ ಅನ್ನುವುದು. ಹನ್ನೊಂದು ವರ್ಷ ಸೌಟು ಹಿಡಿದರೂ ಅವರ ಹೆಸರು ಕಾಯಂ ಪಟ್ಟಿಯಲ್ಲಿರಲಿಲ್ಲ. ಅಷ್ಟರಲ್ಲಿ ಊರಿನ ಆ ತುದಿಯಲ್ಲಿ ಸಾಫ್ಟ್‌ವೇರ್ ಕಂಪನಿಗಳ ಗಾಜಿನ ಕಟ್ಟಡಗಳು ಎದ್ದವು. ಅಲ್ಲಿ ಊಟ ಕಂಟ್ರಾಕ್ಟರನಿಂದ ಡಬ್ಬಿಯಲ್ಲಿ ಬರುತ್ತದಂತೆ, ಒಲೆಯೇ ಇಲ್ಲವಂತೆ ಎಂದು ಕೇಳಿದ ನಮ್ಮ ಕಾರ್ಖಾನೆಯ ಸಾಹೇಬರಿಗೂ ಅದೇ ಆಸೆಯಾಯಿತು. ಯೂನಿಯನ್ನಿನವರು ಜಗಳವಾಡಿ ಒಂದು ನಡುದಾರಿ ಹಿಡಿಸಿದರು: ಅಡುಗೆಯವರು ಎಂಟನೇ ತರಗತಿ ಮಟ್ಟದ ಲೆಕ್ಕದ ಪರೀಕ್ಷೆ ಕೊಡಬೇಕು. ಹತ್ತು ಲೆಕ್ಕ. ಆರು ಸರಿ ಬಂದವರಿಗೆ ಕೆಲಸ ಕಾಯಂ, ಬಾರದವರು ತಿಂಗಳ ಕೊನೆಗೆ ಮನೆಗೆ. ಝೆರಾಕ್ಸ್ ಹಾಳೆಯಲ್ಲಿದ್ದದ್ದು ಇಷ್ಟು, ಜತೆಗೆ ಒಂದು ಮಾದರಿ ಲೆಕ್ಕ. ಅದು ಭಿನ್ನರಾಶಿಯ ಕೂಡಿಕೆ.

ನಾನು ಆಗ ಓಣಿಯಾಚೆಯ ಒಂದು ಕೋಚಿಂಗ್ ಸೆಂಟರಿನಲ್ಲಿ ಬಿ.ಟೆಕ್ ಮುಗಿಸಿದವರನ್ನು ಕಂಪನಿಗಳ ಪರೀಕ್ಷೆಗೆ ತಯಾರು ಮಾಡುತ್ತಿದ್ದೆ. ಒಬ್ಬ ಹನ್ನೆರಡು ದಿನದಲ್ಲಿ ಮಾಡುವ ಕೆಲಸವನ್ನು ಇನ್ನೊಬ್ಬ ಹದಿನೈದು ದಿನದಲ್ಲಿ ಮಾಡಿದರೆ ಇಬ್ಬರೂ ಸೇರಿ ಎಷ್ಟು ದಿನ, ಇಂಥವು. ನಲವತ್ತು ಸೆಕೆಂಡಿನಲ್ಲಿ ಉತ್ತರ ಬರಬೇಕು. ಮೆಟ್ಟಿಲಿನ ಮೇಲೂ ಹುಡುಗರು ಕೂತು ಬರೆದುಕೊಳ್ಳುತ್ತಿದ್ದ ಕಾಲ ಅದು, ನನ್ನ ಜಂಬವೂ ಮೆಟ್ಟಿಲು ಹತ್ತಿ ಕೂತಿತ್ತು. ಅಂಥವಳಿಗೆ ಅರ್ಧಕ್ಕೆ ಕಾಲು ಕೂಡಿಸುವುದನ್ನು ಕಲಿಸುವುದು ಎಷ್ಟರ ಮಾತು ಅಂದುಕೊಂಡಿದ್ದೆ.

ನಾವಿದ್ದದ್ದು ತೆಲುಗು ನಾಡಿನ ಊರು; ಪ್ರಶ್ನೆ ಇಂಗ್ಲಿಷ್, ಹಿಂದಿ, ತೆಲುಗಿನಲ್ಲಿ ಮಾತ್ರ ಎಂದಿತ್ತು. ಕಾಕೂ ಓದಿದ್ದು ಕನ್ನಡ ನಾಲ್ಕನೇ ಇಯತ್ತೆ. ತೆಲುಗು ಓದಲು ಬರುತ್ತದೆಯೇ ಎಂದು ಅನುಮಾನದಿಂದ ಕೇಳಿದೆ.

"ಬಸ್ಸಿನ ಬೋರ್ಡ್ ಓದಿ ಓದಿ ಬಂದೈತ್ರಿ. ಅಕ್ಷರ ನಮ್ಮವ ಇದ್ದಂಗ ಅದಾವು, ಟೊಪ್ಪಿಗಿ ಅಷ್ಟ ಬ್ಯಾರೆ" ಅಂದರು.

ಸರಿ, ಅದೊಂದು ಚಿಂತೆ ಕಳೆಯಿತು. ದಿನಾ ಸಂಜೆ ಆರೂವರೆಗೆ ಒಂದು ತಾಸು ಕೂರುವುದೆಂದು ಗೊತ್ತುಮಾಡಿದೆವು.

ಮೊದಲ ಸಂಜೆ ಹಾಳೆಯ ಮೇಲೆ 1/2 + 1/4 ಎಂದು ಬರೆದು ಮುಂದಿಟ್ಟೆ. ಕಾಕೂ ಪೆನ್ಸಿಲಿನ ಮೊನೆಯನ್ನು ನಾಲಿಗೆಗೆ ತಾಗಿಸಿ, ಒಂದು ಕ್ಷಣವೂ ಅನುಮಾನಿಸದೆ 2/6 ಎಂದು ಬರೆದರು.

"ಇದು ಹೆಂಗ ಬಂತು ಕಾಕೂ?"

"ಮ್ಯಾಲ ಒಂದಕ್ಕ ಒಂದು ಕೂಡಿಸಿದೆ, ಎರಡಾತು. ಕೆಳಗ ಎರಡಕ್ಕ ನಾಕು ಕೂಡಿಸಿದೆ, ಆರಾತು. ತಪ್ಪೇನೈತ್ರಿ?"

"ಅರ್ಧ ಕಿಲೋ ಬ್ಯಾಳಿಗೆ ಪಾವ ಕಿಲೋ ಬ್ಯಾಳಿ ಹಾಕಿದ್ರ ಎಷ್ಟಾತು?"

"ಪೌಣ ಕಿಲೋ." ಪೌಣ ಎಂದರೆ ಮುಕ್ಕಾಲು. ಉತ್ತರ ನನ್ನ ಪ್ರಶ್ನೆ ಮುಗಿಯುವ ಮೊದಲೇ ಬಂದಿತ್ತು.

"ಮತ್ತ ಇಲ್ಲಿ ಬರದದ್ದೇನು? ಆರರಾಗ ಎರಡು ಅಂದ್ರ ಅರ್ಧಕ್ಕಿಂತ ಕಡಿಮಿ. ಅರ್ಧಕ್ಕ ಇನ್ನಷ್ಟು ಹಾಕಿದ ಮ್ಯಾಲ ಅರ್ಧಕ್ಕಿಂತ ಕಡಿಮಿ ಆಗೂದು ಹೆಂಗ?"

ಕಾಕೂ ನನ್ನನ್ನು ಮರುಕದಿಂದ ನೋಡಿದರು. "ಅಯ್ಯ, ಅದು ಬ್ಯಾಳಿ ಲೆಕ್ಕರಿ. ಇದು ಪುಸ್ತಕದ ಲೆಕ್ಕ. ಪುಸ್ತಕದಾಗ ಏನೇನೋ ಆಗ್ತೈತಿ."

ನಾನು ನಕ್ಕುಬಿಟ್ಟೆ. ಇದು ಸುಲಭದ ಕಾಯಿಲೆ, ಪುಸ್ತಕದ ಲೆಕ್ಕವನ್ನು ಬೇಳೆಯ ಲೆಕ್ಕ ಮಾಡಿಬಿಟ್ಟರೆ ಆಯಿತು ಅನ್ನಿಸಿತು. ನಾಲ್ಕು ದಿನ ಭಾಳ ಚೆನ್ನಾಗಿ ನಡೆಯಿತು. ಒಂದೂಕಾಲಿಗೆ ಸವ್ವಾ, ಒಂದೂವರೆಗೆ ದೀಡ, ಎರಡೂವರೆಗೆ ಅಡೀಚ, ಎಲ್ಲ ಅವರ ನಾಲಿಗೆಯ ಮೇಲೇ ಇದ್ದವು. ದೀಡ ಕಿಲೋಗೆ ಪೌಣ ಕಿಲೋ ಕೂಡಿಸಿದರೆ ಎಂದು ಕೇಳಿದರೆ "ಸವ್ವಾ ಎರಡು" ಎಂದು ಹೇಳಿ ನಾಳೆಯ ಪಲ್ಯದ ವಿಚಾರಕ್ಕೆ ಹೋಗುವರು. ಅರ್ಧ, ಕಾಲು, ಎಂಟರಲ್ಲೊಂದು, ಎಲ್ಲ ಕಾಗದದ ಮೇಲೂ ಸರಿ ಬಿದ್ದವು. ನನ್ನ ಗಂಡನೆದುರು ಕಾಲರ್ ಎತ್ತುವುದೊಂದು ಬಾಕಿ, ಸೀರೆಗೆ ಕಾಲರ್ ಇಲ್ಲವಲ್ಲ ಅಂತ ಬಿಟ್ಟೆ.

ಐದನೆಯ ದಿನ ಮೂರರಲ್ಲೊಂದಕ್ಕೆ ಕಾಲು ಕೂಡಿಸಿರಿ ಅಂದೆ.

ಕಾಕೂ ಹಾಳೆ ನೋಡಿದರು, ಗೋಡೆ ನೋಡಿದರು, ನನ್ನ ಮುಖ ನೋಡಿದರು. "ಮೂರರಾಗ ಒಂದು ಅನ್ನೋ ಕಲ್ಲು ನಮ್ಮ ತಕ್ಕಡ್ಯಾಗ ಇಲ್ಲಲ್ರಿ" ಅಂದರು.

ಮಾತು ನಿಜ. ಪಾವು, ಅರ್ಧ, ಪೌಣಕ್ಕೆ ಅಂಗಡಿಯಲ್ಲಿ ತೂಕದ ಕಲ್ಲಿದೆ, ಬಾಯಲ್ಲಿ ಶಬ್ದವಿದೆ. ಮೂರರಲ್ಲೊಂದಕ್ಕೆ, ಐದರಲ್ಲೆರಡಕ್ಕೆ ಎರಡೂ ಇಲ್ಲ. ಬೇಳೆ ನನ್ನ ಕೈ ಬಿಟ್ಟಿತು, ನಾನು ಪುಸ್ತಕ ಹಿಡಿದೆ. ಛೇದಗಳು ಬೇರೆ ಬೇರೆ ಇದ್ದರೆ ಅವುಗಳ ಲ.ಸಾ.ಅ. ತೆಗೆಯಬೇಕು, ಎರಡೂ ಭಿನ್ನರಾಶಿಗೆ ಅದೇ ಛೇದ ಬರುವಂತೆ ಮೇಲೆ ಕೆಳಗೆ ಗುಣಿಸಬೇಕು, ಆಮೇಲೆ ಮೇಲಿನ ಅಂಶಗಳನ್ನಷ್ಟೇ ಕೂಡಿಸಬೇಕು. ಹೇಳಿದೆ, ಬರೆದೆ, ಬಾಯಿಪಾಠ ಮಾಡಿಸಿದೆ. ಕಾಕೂ ಮೊದಲ ದಿನ ಕೆಳಗಿನದನ್ನು ಗುಣಿಸಿ ಮೇಲಿನದನ್ನು ಮರೆತು 2/12 ಅಂತ ಬರೆದರು. ಮರುದಿನ 7/7. ಅದರ ಮರುದಿನ ಎಲ್ಲ ಸರಿ ಮಾಡಿ ಉತ್ತರವನ್ನು ತಲೆಕೆಳಗಾಗಿ 12/7 ಎಂದು ಇಟ್ಟರು. ನಾನು ಏರಿಗೆಳೆದರೆ ಅವರು ನೀರಿಗೆಳೆಯುತ್ತಿದ್ದರು.

ನನಗೆ ಸಿಟ್ಟು ಮೂಗಿನ ತುದಿಯಲ್ಲೇ ಇರುವುದು, ಓಣಿಗೆಲ್ಲ ಗೊತ್ತು. ಹನ್ನೊಂದನೆಯ ಸಂಜೆ ಅದೇ ಲೆಕ್ಕಕ್ಕೆ ಮೊದಲ ದಿನದಂತೆ ಮೇಲೆ ಕೆಳಗೆ ಕೂಡಿಸಿ 2/7 ಬಂದಾಗ ಬಾಯಿ ತಪ್ಪಿತು. "ಹನ್ನೊಂದು ದಿನ ಆತಲ್ರಿ ಕಾಕೂ! ಕಲ್ಲಿಗೆ ಹೇಳಿದ್ರ ಕಲ್ಲಾದ್ರೂ ಕಲೀತಿತ್ತು!"

ಕಾಕೂ ಪುಸ್ತಕ ಮುಚ್ಚಿದರು, ಪೆನ್ಸಿಲನ್ನು ಅದರ ಮೇಲೆ ನೇರವಾಗಿ ಇಟ್ಟರು. "ನೀವು ಇಡೀ ದಿನ ಒದರಿ ಬಂದಿರ್ತೀರಿ, ದಣದೀರಿ. ಹೋಗಿ ಎರಡು ತುತ್ತು ಉಣ್ರಿ" ಎಂದು ಚಪ್ಪಲಿ ಮೆಟ್ಟಿ ಹೋದರು. ನನಗೆ ತಿರುಗಿ ಬೈದಿದ್ದರೆ ಎಷ್ಟೋ ಹಗುರವಾಗುತ್ತಿತ್ತು. ನನ್ನ ಗಂಡ ಪೇಪರಿನ ಮರೆಯಿಂದ, "ಮಾತು ಬಲ್ಲವನಿಗೆ ಜಗಳವಿಲ್ಲ ಅಂತಾರ. ನೀ ಇಂಜಿನಿಯರ್‌ಗೆ ಕಲಿಸೋ ಅಕ್ಕೋರು ನೋಡು, ನಿನಗ ಅದು ಅನ್ವಯ ಆಗಂಗಿಲ್ಲ" ಅಂದರು. ಅವರ ಮೇಲೂ ರೇಗಿದೆ. ಆದರೆ ಊಟ ಸೇರಲಿಲ್ಲ.

ಎರಡು ಸಂಜೆ ಕಾಕೂ ಬರಲಿಲ್ಲ. ಅವರ ಮನೆಯ ಬಾಗಿಲವರೆಗೆ ಹೋಗಿ, ನಾಚಿಕೆಯಾಗಿ ವಾಪಸು ಬಂದೆ. ಮೂರನೆಯ ದಿನ ಆಯುಧಪೂಜೆ. ಅವತ್ತು ಕಾರ್ಖಾನೆಯ ಗೇಟು ಕುಟುಂಬದವರಿಗೆ ತೆರೆಯುತ್ತದೆ. ಲೇಥ್ ಮಷೀನುಗಳಿಗೆಲ್ಲ ಚೆಂಡುಹೂವಿನ ಮಾಲೆ, ಕುಂಕುಮ, ಬೂದುಗುಂಬಳ. ನಾನು ಪೂಜೆ ನೋಡಲು ಹೋದವಳಲ್ಲ, ಕಾಕೂಗೆ ತಪ್ಪಾಯಿತು ಅನ್ನಲು ಹೋದವಳು. ನೆಟ್ಟಗೆ ಕ್ಯಾಂಟೀನಿಗೆ ನಡೆದೆ.

ಕಾಕೂ ಕಟ್ಟೆಯ ಮುಂದೆ ನಿಂತಿದ್ದರು. ಎದುರಿಗೆ ಮಂಚದ ಹಲಗೆಯಷ್ಟು ದೊಡ್ಡ ಟ್ರೇ, ಅದರ ತುಂಬ ಆಗಷ್ಟೇ ಆರಿದ ಬೇಸನ್ ವಡಿ, ಇನ್ನೂ ಕೊಯ್ದಿರಲಿಲ್ಲ. ಕ್ಯಾಂಟೀನ್ ಮ್ಯಾನೇಜರು ಕೈಯಲ್ಲಿ ಚೀಟಿ ಹಿಡಿದು ಹಿಂದಿಯಲ್ಲಿ ಹೇಳುತ್ತಿದ್ದರು: ಈ ಟ್ರೇಯಲ್ಲಿ ಮೂರರಲ್ಲೊಂದು ಪಾಲು ಮಷೀನ್ ಶಾಪಿಗೆ, ಕಾಲು ಪಾಲು ಸ್ಟೋರಿಗೆ, ಉಳಿದದ್ದು ಆಫೀಸಿಗೆ.

ನಾನು ನಿಂತಲ್ಲೇ ನಿಂತೆ. ಕಾಕೂ ಚಾಕು ಎತ್ತಿಕೊಂಡರು. ಟ್ರೇಯ ಉದ್ದಕ್ಕೆ ಎರಡು ಗೆರೆ ಎಳೆದರು, ಮೂರು ಪಟ್ಟಿಯಾಯಿತು. ಅಡ್ಡಕ್ಕೆ ಮೂರು ಗೆರೆ ಎಳೆದರು, ನಾಲ್ಕು ಪಟ್ಟಿಯಾಯಿತು. ಒಟ್ಟು ಹನ್ನೆರಡು ದಪ್ಪ ತುಂಡು. "ಇದು ನಾಕು ಮಷೀನ್ ಶಾಪಿಂದು, ಈ ಮೂರು ಸ್ಟೋರಿಂದು" ಎಂದು ಚಾಕುವಿನ ತುದಿಯಿಂದ ಬೇರೆ ಮಾಡಿ, ಆಮೇಲೆ ಒಂದೊಂದು ತುಂಡನ್ನೂ ಬಾಯಿಗೆ ಹಿಡಿಯುವಷ್ಟು ಸಣ್ಣಗೆ ಕೊಯ್ಯತೊಡಗಿದರು.

"ಕಾಕೂ!" ಎಂದು ನಾನು ಕೂಗಿದ ಕೂಗಿಗೆ ಯಾರದೋ ಕೈಯಿಂದ ಸೌಟು ಬಿತ್ತು. "ಹನ್ನೆರಡು ಯಾಕ ಮಾಡಿದ್ರಿ?"

"ಏ ನನ್ನವ್ವ, ಎದಿ ಒಡದೀತು! ಹಬ್ಬದ ದಿನ ಹಿಂಗ ಚೀರ್ತಾರೇನ್ರಿ?"

"ಮೊದಲು ಹೇಳ್ರಿ. ಹನ್ನೆರಡು ಯಾಕ?"

"ಮತ್ತೇನ್ ಮಾಡ್ಲಿ? ಬರೀ ಮೂರ ಪಾಲು ಕೊಯ್ದ್ರ ಸ್ಟೋರಿಗೆ ಕೊಡೂಮುಂದ ತುಂಡು ಒಡೀಬೇಕಾಗ್ತೈತಿ. ಬರೀ ನಾಕು ಕೊಯ್ದ್ರ ಮಷೀನ್ ಶಾಪಿನವ್ರಿಗೆ ಒಡೀಬೇಕು. ಒಡದ ವಡಿ ಪೂಜಾದ ದಿನ ಯಾರಿಗೂ ಕೊಡಬಾರದ್ರಿ. ಅದಕ್ಕ ಇಬ್ಬರಿಗೂ ಇಡೀ ಇಡೀ ಹೋಗೂವಂಗ ಮೊದಲ ಕೊಯ್ದು ಇಡೂದು."

"ಇಬ್ಬರಿಗೂ ಸೇರಿ ಎಷ್ಟು ಹೋತು?"

"ನಾಕು, ಮೂರು. ಏಳು."

"ಎಷ್ಟರಾಗ ಏಳು?"

"ಹನ್ನೆರಡರಾಗ..." ಅಂದವರು ಬಾಯಿ ತೆರೆದುಕೊಂಡೇ ನಿಂತರು. ಚಾಕು ಗಾಳಿಯಲ್ಲೇ ಉಳಿಯಿತು. ಟ್ರೇ ನೋಡಿದರು, ನನ್ನನ್ನು ನೋಡಿದರು. "ಅಯ್ಯ ಶಿವನ! ಇದು ಅದಾ ಏನ್ರಿ? ನೀವು ಹನ್ನೊಂದು ದಿನ ಬಡಕೊಂಡದ್ದು ಇದನ್ನಾ?"

"ಇದನ್ನಾ!"

"ಮೊದಲ ಹೇಳೂದಲ್ಲೇನ್ರಿ ಹಂಗಂತ!"

ಕಟ್ಟೆಗೆ ಒರಗಿ ಇಬ್ಬರೂ ಕಣ್ಣಲ್ಲಿ ನೀರು ಬರುವಷ್ಟು ನಕ್ಕೆವು. ಮ್ಯಾನೇಜರಿಗೆ ಏನೂ ತಿಳಿಯದೆ, ವಡಿ ಚೆನ್ನಾಗಿಲ್ಲವೇ ಎಂದು ಒಂದು ಚೂರು ಬಾಯಿಗೆ ಹಾಕಿಕೊಂಡು ನೋಡಿದರು. ನಾನು ತಪ್ಪಾಯಿತು ಅಂದದ್ದು ಆ ನಗೆಯ ನಡುವೆ ಅವರಿಗೆ ಕೇಳಿಸಿತೋ ಇಲ್ಲವೋ. ಕೈಗೆ ನಾಲ್ಕು ವಡಿಯ ಪೊಟ್ಟಣ ಬಂತು, ಸಂಜೆ ಆರೂವರೆಗೆ ಕಾಕೂ ಬಂದರು.

ಅವತ್ತೇ ನಾನು ಪುಸ್ತಕವನ್ನು ಎತ್ತಿ ಕಪಾಟಿನ ಮೇಲಿಟ್ಟೆ. ಲ.ಸಾ.ಅ. ಎಂಬ ಶಬ್ದವನ್ನೇ ಇನ್ನು ಎತ್ತುವುದಿಲ್ಲ ಎಂದು ತೀರ್ಮಾನ ಮಾಡಿದೆ. ಸುಲ್ತಾನ್ ಬಜಾರಿನಿಂದ ಚೌಕುಳಿ ಗೆರೆಯ ನೋಟ್‌ಬುಕ್ ತಂದೆ. ಪ್ರತಿ ಲೆಕ್ಕಕ್ಕೂ ಒಂದು ಟ್ರೇ. ಐದರಲ್ಲೆರಡಕ್ಕೆ ಮೂರರಲ್ಲೊಂದು ಎಂದರೆ ಉದ್ದಕ್ಕೆ ಐದು, ಅಡ್ಡಕ್ಕೆ ಮೂರು; ಹದಿನೈದು ತುಂಡು. ಐದರಲ್ಲೆರಡು ಅಂದರೆ ಆರು ತುಂಡು, ಮೂರರಲ್ಲೊಂದು ಅಂದರೆ ಐದು, ಹದಿನೈದರಲ್ಲಿ ಹನ್ನೊಂದು. ಕಾಕೂ ಪೆನ್ಸಿಲಿನಿಂದ ಗೆರೆ ಎಳೆಯುವಾಗಲೂ ಚಾಕು ಹಿಡಿದಂತೆ ತೋರುಬೆರಳನ್ನು ಮೇಲೆ ಒತ್ತುತ್ತಿದ್ದರು. ಒಂದು ವಾರದಲ್ಲಿ ನೋಟ್‌ಬುಕ್ ಅರ್ಧ ತುಂಬಿತು.

ಒಂದು ಸಂಜೆ ಕಾಲಿಗೆ ಆರರಲ್ಲೊಂದು ಕೂಡಿಸಲು ಕೊಟ್ಟೆ. ನಾಲ್ಕು ಪಟ್ಟಿ, ಆರು ಪಟ್ಟಿ, ಇಪ್ಪತ್ನಾಲ್ಕು ತುಂಡು ಬರುವುದನ್ನು ನೋಡುತ್ತ ಕೂತಿದ್ದೆ. ಕಾಕೂ ಅರ್ಧ ಗೆರೆ ಎಳೆದು ನಿಲ್ಲಿಸಿದರು.

"ಇಷ್ಟು ಸಣ್ಣ ಯಾಕ ಕೊಯ್ಯೂದ್ರಿ? ಪುಡಿ ಆಗ್ತಾವು. ಹನ್ನೆರಡು ಮಾಡಿದ್ರೂ ಇಬ್ಬರಿಗೂ ಇಡೀ ಹೋಗ್ತಾವಲ್ಲ. ಕಾಲಿಗೆ ಮೂರು, ಆರರಾಗ ಒಂದಕ್ಕ ಎರಡು. ಐದು."

ಹನ್ನೆರಡರಲ್ಲಿ ಐದು. ನಾನು ವಾರವಿಡೀ ಬಾಯಿಪಾಠ ಮಾಡಿಸಿ ಸೋತ ಲ.ಸಾ.ಅ.ವನ್ನು ಅವರೇ ಕೈಯಾರೆ ಹುಡುಕಿಕೊಂಡಿದ್ದರು. ನನಗೆ ಆದ ಖುಷಿಯನ್ನು ಹೇಗೆ ಹೇಳಲಿ! ಎದ್ದು ಹೋಗಿ ಸುಮ್ಮನೆ ಚಹಾಕ್ಕೆ ಇಟ್ಟೆ, ಅಡುಗೆಮನೆಯಲ್ಲಿ ಒಬ್ಬಳೇ ಕುಣಿದೆ ಅಂದರೂ ತಪ್ಪಿಲ್ಲ. ಮರುದಿನ ಕೋಚಿಂಗ್ ಕ್ಲಾಸಿನ ಬೋರ್ಡಿನ ಮೇಲೂ ಒಂದು ಟ್ರೇ ಬರೆದು ಹನ್ನೆರಡು ದಿನ, ಹದಿನೈದು ದಿನದ ಕೆಲಸದ ಲೆಕ್ಕವನ್ನು ಕೊಯ್ದು ತೋರಿಸಿದೆ. ಹಿಂದಿನ ಬೆಂಚಿನವನೊಬ್ಬ ಮೇಡಂ ಇವತ್ತು ತಿಂಡಿ ತಿಂದು ಬಂದಿಲ್ಲ ಅಂತ ತೆಲುಗಿನಲ್ಲಿ ಪಿಸುಗುಟ್ಟಿದ, ಉಳಿದವರು ಬರೆದುಕೊಂಡರು.

ಪರೀಕ್ಷೆಗೆ ಒಂಬತ್ತು ದಿನ ಇರುವಾಗ ಮನೆಯಲ್ಲೇ ಒಂದು ತಾಲೀಮು ಪರೀಕ್ಷೆ ಮಾಡಿದೆ. ಅಲ್ಲಿಯವರೆಗೆ ಬರೀ ಸಂಖ್ಯೆ ಕೂಡಿಸಿದ್ದೆವು; ನಿಜವಾದ ಪರೀಕ್ಷೆಯಲ್ಲಿ ಲೆಕ್ಕ ಕಥೆಯಾಗಿ ಬರುತ್ತದೆ. ಮೊದಲ ದಿನ ಇಷ್ಟು ಹಾಲು, ಎರಡನೆಯ ದಿನ ಇಷ್ಟು, ಒಟ್ಟು ಎಷ್ಟು, ಹೀಗೆ. ಸರಳ ತೆಲುಗಿನಲ್ಲಿ ಹತ್ತು ಬರೆದು ಕೊಟ್ಟೆ. ಕಾಕೂ ಒಂದು ತಾಸಿನಲ್ಲಿ ಮುಗಿಸಿ ನಗುತ್ತ ಕೊಟ್ಟು ಹೋದರು. ನಾನೂ ನಗುತ್ತಲೇ ತಿದ್ದಲು ಕೂತೆ.

ಹತ್ತರಲ್ಲಿ ಮೂರು ಸರಿ.

ಏಳು ತಪ್ಪು! ಹನ್ನೆರಡರಲ್ಲಿ ಏಳು ಬರಬೇಕಾದಲ್ಲಿ ಎಂಟು. ಹದಿನೈದರಲ್ಲಿ ಹನ್ನೊಂದರ ಬದಲು ಹನ್ನೆರಡು. ಹನ್ನೆರಡರಲ್ಲಿ ಐದರ ಬದಲು ಆರು. ಹಾಳೆಯ ಪಕ್ಕದಲ್ಲಿ ಬರೆದ ಟ್ರೇಗಳನ್ನು ಮತ್ತೆ ನೋಡಿದೆ. ಅಲ್ಲಿ ತುಂಡುಗಳನ್ನು ಸರಿಯಾಗಿ ಕೊಯ್ದಿದ್ದರು, ಸರಿಯಾಗಿ ಎಣಿಸಿ ಗೀಚಿದ್ದರು. ಏಳು ತುಂಡು ಗೀಚಿ ಕೆಳಗೆ ಎಂಟು ಎಂದು ಬರೆದಿದ್ದರು. ಪ್ರತಿ ತಪ್ಪಿನಲ್ಲೂ ಒಂದೇ ಒಂದು ತುಂಡು ಹೆಚ್ಚು. ಇದು ಬಾರದವರು ಮಾಡುವ ತಪ್ಪಲ್ಲ, ಬಾರದವರ ತಪ್ಪಿಗೆ ಇಷ್ಟು ಶಿಸ್ತು ಇರುವುದಿಲ್ಲ.

ಸರಿ ಬಂದ ಮೂರನ್ನು ಪಕ್ಕಕ್ಕಿಟ್ಟು ನೋಡಿದೆ. ಒಂದು ದಾರಿ ನಡೆದ ಲೆಕ್ಕ, ಒಂದು ಗೋಡೆಗೆ ಸುಣ್ಣ ಬಳಿದ ಲೆಕ್ಕ, ಇನ್ನೊಂದು ಸೀರೆಯ ಅಂಚಿನದು. ತಪ್ಪಾದ ಏಳು: ಹಾಲು, ಹಿಟ್ಟು, ಅಕ್ಕಿ, ಎಣ್ಣೆ, ಬೇಳೆ, ಸಕ್ಕರೆ, ತುಪ್ಪ. ನನಗೆ ಆಗ ತಿಳಿಯಿತು, ಆದರೂ ನಂಬಿಕೆ ಬರಲಿಲ್ಲ. ಮರುದಿನ ಕಾಕೂ ಬಂದ ಕೂಡಲೇ ಹಾಳೆ ಮುಂದಿಟ್ಟೆ.

"ಇಲ್ಲಿ ಏಳು ಎಣಿಸೀರಿ. ಎಂಟು ಯಾಕ ಬರದೀರಿ?"

"ಏಳು ಬಂತಂತ ಏಳ ತರಸೂದೇನ್ರಿ?" ಕಾಕೂಗೆ ನನ್ನ ಪ್ರಶ್ನೆಯೇ ವಿಚಿತ್ರ ಅನ್ನಿಸಿತ್ತು. "ಕೊಸರು ಹಾಕಬೇಕಲ್ಲ. ಮೂವತ್ತು ಮಂದಿ ಅಂತಾರ, ಮೂವತ್ತೈದು ಮಂದಿ ತಾಟು ಹಿಡಕೊಂಡು ನಿಂದರ್ತಾರ. ಕಡೀ ಪಂಕ್ತಿಯವ್ರಿಗೆ ಸೌಟು ತಳಕ್ಕ ಹತ್ತಿದ್ರ ಆ ಮಾರಿ ನೋಡೂದು ನಾನು, ನೀವಲ್ಲ. ಹನ್ನೊಂದು ವರ್ಷದಾಗ ಒಬ್ಬರಿಗೂ ಇಲ್ಲ ಅಂದಿಲ್ರಿ."

"ಕಾಕೂ, ಇದು ಪರೀಕ್ಷಾ. ಇಲ್ಲಿ ಯಾರೂ ಉಣ್ಣಂಗಿಲ್ಲ."

"ಹಾಲು ಅಂತ ಬರದಾರಲ್ರಿ ಮತ್ತ."

ನಾನು ಜಾಣತನ ಮಾಡಿದೆ. "ಉಪ್ಪಿಗೆ ಕೊಸರು ಹಾಕ್ತೀರೇನು? ಇಲ್ಲಲ್ಲ? ಲೆಕ್ಕದ ಉತ್ತರ ಉಪ್ಪು ಇದ್ದಂಗ ಅಂತ ತಿಳೀರಿ."

"ಉಪ್ಪಿನ ಲೆಕ್ಕ ಬರ್ಲಿ, ಬರೋಬ್ಬರಿ ಬರೀತೀನಿ."

ಒಳಕೋಣೆಯಿಂದ ನನ್ನ ಗಂಡನ ನಗು ಕೇಳಿಸಿತು. ಕಾಕೂ ಹಟದಿಂದ ಹೇಳಿದ್ದಲ್ಲ. ಮೂರು ದಿನ ಅವರು ಪ್ರಾಮಾಣಿಕವಾಗಿ ಪ್ರಯತ್ನಪಟ್ಟರು. ಏಳು ಎಂದು ಬರೆಯುವರು, ಒಂದು ಕ್ಷಣ ನೋಡುವರು, ಆ ಏಳು ಅವರಿಗೆ ಅರೆಹೊಟ್ಟೆಯಂತೆ ಕಾಣುವುದು, ಪೆನ್ಸಿಲ್ ತಾನಾಗಿ ಹೋಗಿ ಎಂಟು ಮಾಡುವುದು. "ಕೈ ಕೇಳವಲ್ದ್ರಿ ಅಕ್ಕೋರ" ಎಂದು ಅವರೇ ಬೇಜಾರು ಮಾಡಿಕೊಳ್ಳುವರು. ಆರು ದಿನ ಉಳಿದಿತ್ತು. ಇಷ್ಟು ಚೆನ್ನಾಗಿ ಲೆಕ್ಕ ಬರುವವರು ಕೊಸರಿನ ದೆಸೆಯಿಂದ ಕೆಲಸ ಕಳೆದುಕೊಳ್ಳುತ್ತಾರಲ್ಲ ಎಂದು ನನಗೆ ಅಳು ಬರುವಂತಾಗಿತ್ತು.

ನಾಲ್ಕನೆಯ ದಿನ ಅವರು ರಬ್ಬರಿನಿಂದ ಆ ಹೆಚ್ಚಿನ ಒಂದನ್ನು ಅಳಿಸುವುದನ್ನು ನೋಡುತ್ತ ಕೂತಿದ್ದೆ. ಕಾಗದ ಹರಿಯುವಷ್ಟು ಉಜ್ಜುತ್ತಿದ್ದರು, ಮುಖ ಸಪ್ಪೆಯಾಗಿತ್ತು. ನನಗೆ ಥಟ್ಟನೆ ಅನ್ನಿಸಿತು, ಇದನ್ನು ಅಳಿಸು ಅಂತ ನಾನು ಯಾಕೆ ಹೇಳುತ್ತಿದ್ದೇನೆ? ಅವರ ಬದುಕಿನಲ್ಲಿ ಸರಿಯಾಗಿರುವುದೇ ಇದು. ಅಳಿಸುವುದು ಬೇಡ, ಬೇರೆ ಕಡೆ ಇಡಿಸೋಣ.

"ಕಾಕೂ, ರಬ್ಬರ್ ಬಿಡ್ರಿ. ಇನ್ನ ಮ್ಯಾಲ ಪ್ರತಿ ಲೆಕ್ಕಕ್ಕೂ ಕೊಸರು ಹಾಕ್ರಿ. ಆದ್ರ ಇಲ್ಲಿ ಹಾಕ್ರಿ" ಎಂದು ಟ್ರೇ ಚಿತ್ರದ ಕೆಳಗೆ ಒಂದು ಸಣ್ಣ ಚೌಕ ಬರೆದೆ. "ಏಳು ಬಂತು, ಉತ್ತರದ ಜಾಗಾಕ್ಕ ಏಳು. ಈ ಚೌಕದಾಗ ಕೊಸರು ಒಂದು. ಅಡಿಗಿಗೆ ತರಸೂಮುಂದ ಎರಡೂ ಕೂಡಿಸಿ ತರಸ್ರಿ. ಪೇಪರ್ ನೋಡೋ ಸಾಹೇಬ್ರು ಉಣ್ಣಾಕ ಬಂದವ್ರಲ್ಲ, ಅವ್ರಿಗೆ ಬರೀ ಏಳು ತೋರಸ್ರಿ."

ಕಾಕೂ ಆ ಚೌಕದ ಮೇಲೆ ಬೆರಳಿಟ್ಟರು. "ಅಂದ್ರ ಕೊಸರು ಇರ್ತೈತಿ. ಅವ್ರಿಗೆ ಕಾಣಂಗಿಲ್ಲ ಅಷ್ಟ."

"ಅಷ್ಟ."

"ಹಂಗಾದ್ರ ನಡೀತೈತಿ" ಅಂದರು, ಮತ್ತು ಅವತ್ತು ಕೊಟ್ಟ ಹನ್ನೆರಡು ಲೆಕ್ಕದಲ್ಲಿ ಹನ್ನೆರಡೂ ಸರಿ ಮಾಡಿದರು. ಹಾಳೆಯ ಬದಿಯಲ್ಲಿ ಹನ್ನೆರಡು ಚೌಕ, ಒಂದೊಂದರಲ್ಲೂ ಒಂದೊಂದು ದುಂಡನೆಯ ಅಂಕಿ. ಸುಣ್ಣ ಬಳಿಯುವ ಲೆಕ್ಕಕ್ಕೂ ಕೊಸರು ಹಾಕಿದ್ದರು. ಕೇಳಿದ್ದಕ್ಕೆ, "ಜಾಗಾ ಕೊಟ್ಟೀರಿ, ಸುಮ್ನ ಯಾಕ ಖಾಲಿ ಬಿಡೂದು" ಅಂದರು.

ಪರೀಕ್ಷೆ ನಾಂಪಲ್ಲಿಯ ಒಂದು ಕಚೇರಿಯಲ್ಲಿ. ನಾನೇ ಆಟೋದಲ್ಲಿ ಕರೆದುಕೊಂಡು ಹೋದೆ. ಕಾಕೂ ಮಡಿಲಲ್ಲಿ ಒಂದು ಭಾರದ ಡಬ್ಬಿ ಇಟ್ಟುಕೊಂಡಿದ್ದರು. ದಾರಿಯುದ್ದಕ್ಕೂ ಉಪ್ಪಿಟ್ಟಿನ ವಾಸನೆ. ಯಾರಿಗೆ ಅಂದರೆ, ಪರೀಕ್ಷೆಗೆ ಬಂದ ಉಳಿದ ಅಡುಗೆಯವರಿಗೆ. "ಎಲ್ಲಾರಿಗೂ ಉಣ್ಣಾಕ ಹಾಕಿ ತಾವು ಹಸಗೊಂಡು ಬಂದಿರ್ತಾರ. ಖಾಲಿ ಹೊಟ್ಟಿಲೆ ಲೆಕ್ಕ ಹತ್ತಂಗಿಲ್ಲ." ಕಚೇರಿಯ ವರಾಂಡದಲ್ಲಿ ನಿಂತೇ ಆ ಆರು ಮಂದಿ ತಿಂದರು, ಕಾವಲಿನವನಿಗೂ ಸಿಕ್ಕಿತು. ಆಮೇಲೆ ಕಾಕೂ ಒಳಗೆ ಹೋದರು. ಬರೆದು ಹೊರಗೆ ಬಂದವರನ್ನು ಆಟೋ ಹತ್ತಿಸಿದೆ. ಹೇಗಾಯಿತು ಅಂದರೆ "ಬರದೀನ್ರಿ, ನೋಡೂಣು" ಎಂದು ರಸ್ತೆಯ ಕಡೆ ನೋಡಿದರು. ಆ ನೋಟ ನನಗೆ ಸರಿ ಬರಲಿಲ್ಲ. ಮುಂದಿನ ನಾಲ್ಕು ದಿನ ಕ್ಲಾಸಿನಲ್ಲಿ ನಾನೇ ತಪ್ಪು ಕೂಡಿಸುತ್ತಿದ್ದೆ.

ಐದನೆಯ ದಿನ ಮಧ್ಯಾಹ್ನ ಕ್ಲಾಸು ನಡೆದಿತ್ತು. ಮೆಟ್ಟಿಲ ಮೇಲೆ ಕೂತ ಹುಡುಗರು ಎದ್ದು ದಾರಿ ಬಿಡುತ್ತಿರುವುದು ಕಂಡಿತು. ನೋಡಿದರೆ ಕಾಕೂ. ಕ್ಯಾಂಟೀನಿನ ಏಪ್ರನ್ ಬಿಚ್ಚುವಷ್ಟೂ ತಡೆದಿರಲಿಲ್ಲ, ಮೊಣಕೈಯವರೆಗೆ ಹಿಟ್ಟು. ಬಾಗಿಲಲ್ಲಿ ನಿಂತು ಅರವತ್ತು ಮಂದಿಯ ಎದುರು, "ಅಕ್ಕೋರ! ಒಂಬತ್ತು!" ಎಂದು ಕೂಗಿದರು.

ಕೈಯಲ್ಲಿದ್ದ ಚಾಕ್‌ಪೀಸು ಎಲ್ಲಿ ಬಿತ್ತೋ. ನಾನು ಹೋಗಿ ಅವರನ್ನು ತಬ್ಬಿಕೊಂಡೆ, ಸೀರೆಗೆಲ್ಲ ಹಿಟ್ಟಾಯಿತು. ಭಾಷೆ ತಿಳಿಯದ ಹುಡುಗರೂ ಏನೋ ಒಳ್ಳೆಯದಾಗಿದೆ ಎಂದು ಚಪ್ಪಾಳೆ ತಟ್ಟಿದರು. ಹತ್ತಕ್ಕೆ ಒಂಬತ್ತು. ಪರೀಕ್ಷೆ ಬರೆದ ಏಳು ಮಂದಿಯಲ್ಲಿ ಅವರದೇ ಹೆಚ್ಚು. ಕೆಲಸ ಕಾಯಂ; ಬೋರ್ಡಿನ ಮೇಲೆ ಹೆಸರು ಬರೆದು ಹಾಕಿದ್ದಾರೆ, ತಾವೇ ಓದಿ ಬಂದಿದ್ದಾರೆ.

ಅಷ್ಟು ಸಂತೋಷದಲ್ಲೂ ನನ್ನೊಳಗಿನ ಅಕ್ಕೋರು ಸುಮ್ಮನಿರಬೇಕಲ್ಲ. "ಒಂದು ಯಾವುದು ತಪ್ಪಾತು ಕಾಕೂ?" ಎಂದು ಕೇಳಿದೆ.

ಕಾಕೂ ಮುಖ ಬೇರೆ ಕಡೆ ತಿರುಗಿಸಿದರು. ಆಟೋದಲ್ಲಿ ರಸ್ತೆಯ ಕಡೆ ನೋಡಿದ ಅದೇ ನೋಟ.

"ಅದು ಗೊತ್ತಿದ್ದು ಮಾಡಿದ ತಪ್ಪರಿ. ಅನಾಥ ಮಕ್ಕಳ ಹಾಸ್ಟೆಲಿನ ಲೆಕ್ಕ ಕೊಟ್ಟಿದ್ರು. ಮುಂಜಾನೆ ಒಂದು ಕ್ಯಾನಿನಾಗ ಎಂಟರಾಗ ಮೂರು ಪಾಲು ಹಾಲು, ಸಂಜಿಕ ಮೂರರಾಗ ಒಂದು ಪಾಲು. ಇಪ್ಪತ್ನಾಕು ತುಂಡು ಮಾಡಿದೆ. ಒಂಬತ್ತು, ಎಂಟು, ಹದಿನೇಳು ಬಂತು. ಬರೋಬ್ಬರಿ ಐತಂತ ನನಗ ಗೊತ್ತಿತ್ತು. ಉಳಿದವಕ್ಕೆಲ್ಲ ನೀವು ಹೇಳಿದಂಗ ಕೊಸರು ಚೌಕದಾಗ ಇಟ್ಟೆ. ಆದ್ರ ಇದು ಸಣ್ಣ ಹುಡುಗ್ರ ಹಾಲರಿ. ಅವ್ರಿಗೆ ಕೇಳೋರ್ಯಾರು? ಹದಿನೇಳಂತ ಬರೀಲಿಕ್ಕೆ ಕೈ ಬರಲಿಲ್ಲ. ಹದಿನೆಂಟು ಬರದೆ."